ಸೆರೆವಾಸದಿಂದ ಋಣ ತೀರುವುದೇ?

ಕೈಹಿಡಿದವಳನ್ನೂ ಮಕ್ಕಳನ್ನೂ ವೃದ್ಧರಾದ ತಾಯಿತಂದೆಯರನ್ನೂ ಪೋಷಿಸುವುದು ಗೃಹಸ್ಥನ ಮೊದಲ ಧರ್ಮ. ಅದನ್ನು ನೆನಪಿಸಲು ನ್ಯಾಯಾಲಯವೇ ಬೇಕಾಗುವುದು ದುಃಖದ ಸಂಗತಿ. ಆಜ್ಞೆಯಾದ ಮೇಲೂ ಹಣ ಬಾರದಿರುವುದು ಇನ್ನೂ ದುಃಖಕರ. ದಕ್ಷಿಣ ಕನ್ನಡದ ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಗಳಲ್ಲಿಯೂ ಜೀವನಾಂಶದ ಬಾಕಿಗಾಗಿ ವಾರಂಟು ಹೊರಡುವುದುಂಟು. ತಲೆಮರೆಸಿಕೊಂಡವನನ್ನು ಹುಡುಕಿ ತರುವ ಹೊರೆ ಪೊಲೀಸರ ಮೇಲೆ ಬೀಳುವುದುಂಟು.

ಈ ಸೀಮೆಯ ಅಳಿಯಸಂತಾನದ ಮನೆಗಳಲ್ಲಿ ಹಿಂದೆ ಹೆಣ್ಣಿಗೂ ಅವಳ ಮಕ್ಕಳಿಗೂ ತಾಯಿಯ ಕುಟುಂಬದ ಆಸ್ತಿಯೇ ಆಸರೆಯಾಗಿತ್ತು. 1949ರ ಮದರಾಸು ಅಳಿಯಸಂತಾನ ಶಾಸನವು ಪಾಲು ಕೇಳುವ ಹಕ್ಕನ್ನು ಶಾಸನಬದ್ಧಗೊಳಿಸಿತು. ಕೂಡುಕುಟುಂಬಗಳು ಒಡೆದಂತೆ ಆ ಆಸರೆಯೂ ತೆಳುವಾಯಿತು. ಗಂಡ ಕೈಬಿಟ್ಟ ಮೇಲೆ ಬೀಡಿ ಕಟ್ಟಿ ಮಕ್ಕಳನ್ನು ಸಾಕುವ ತಾಯಿಗೆ ತಿಂಗಳ ಜೀವನಾಂಶವೆಂದರೆ ಭಿಕ್ಷೆಯಲ್ಲ, ಅಕ್ಕಿ.

1973ರ ದಂಡ ಪ್ರಕ್ರಿಯಾ ಸಂಹಿತೆಯ 125ನೆಯ ಕಲಮು ಈ ಹಕ್ಕನ್ನು ಕಾಯುತ್ತಿತ್ತು. 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೆಯ ಕಲಮು ಅದರ ಸ್ಥಾನದಲ್ಲಿದೆ. ತಕ್ಕ ಕಾರಣವಿಲ್ಲದೆ ಹಣ ಕೊಡದವನಿಂದ ಬಾಕಿಯನ್ನು ದಂಡದಂತೆ ವಸೂಲು ಮಾಡಲು ವಾರಂಟು ಹೊರಡಿಸಬಹುದು. ಆಗಲೂ ತೀರದಿದ್ದರೆ ಪ್ರತಿಯೊಂದು ತಿಂಗಳ ಬಾಕಿಗೂ ಒಂದು ತಿಂಗಳವರೆಗೆ, ಅಥವಾ ಅದಕ್ಕೆ ಮೊದಲೇ ಹಣ ಸಂದರೆ ಅಲ್ಲಿಯವರೆಗೆ, ಸೆರೆಗೆ ಕಳುಹಿಸಬಹುದು. ಆದರೆ ಹಣ ಸಲ್ಲಬೇಕಾದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕದಿದ್ದರೆ ಆ ಬಾಕಿಗಾಗಿ ಈ ವಾರಂಟು ದೊರೆಯದು. ತಾಳಿದವನು ಬಾಳಿಯಾನು ಎಂಬ ಗಾದೆ ಇಲ್ಲಿ ಸಲ್ಲದು. ತಾಳಿದವಳೇ ಇಲ್ಲಿ ಕಳೆದುಕೊಳ್ಳುವಳು.

ಒಂದು ತಿಂಗಳು ಸೆರೆಯಲ್ಲಿದ್ದು ಬಂದರೆ ಲೆಕ್ಕ ಚುಕ್ತವಾಯಿತೆಂದು ಕೆಲವರು ಭಾವಿಸುವುದುಂಟು. ಇದು ಭ್ರಮೆ. ಸೆರೆವಾಸವು ಹಣ ಕೊಡಿಸುವ ಉಪಾಯವೇ ಹೊರತು ಹಣದ ಪಾವತಿಯಲ್ಲವೆಂದು ಕುಲದೀಪ ಕೌರ್ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು ನಿರ್ಣಯಿಸಿದೆ. ನೀತಿಯ ಮಾತೂ ಇದೇ ಅಲ್ಲವೇ? ತಂದೆ ಸೆರೆಯಲ್ಲಿ ಕಳೆದ ದಿನಗಳಿಂದ ಮಗುವಿನ ಹೊಟ್ಟೆ ತುಂಬಿತೇ? ಶಿಕ್ಷೆ ತಪ್ಪಿಗೆ ಉತ್ತರವಾಗಬಹುದು, ಹಸಿವಿಗೆ ಉತ್ತರವಾಗಲಾರದು.

ನಿಜವಾಗಿಯೂ ಕೈಲಾಗದವನ ಮಾತು ಬೇರೆ. ರೋಗದಿಂದಲೋ ಕೆಲಸ ತಪ್ಪಿಯೋ ನೆಲಕಚ್ಚಿದವನು ಮೊತ್ತವನ್ನು ಇಳಿಸಬೇಕೆಂದು ನ್ಯಾಯಾಲಯವನ್ನು ಬೇಡಬಹುದು. ಇರುವುದನ್ನು ಬಚ್ಚಿಟ್ಟು ಇಲ್ಲವೆನ್ನುವವನಿಗೆ ಮಾತ್ರ ಆ ಮರೆ ಸಲ್ಲದು. 2020ರ ರಜನೀಶ್–ನೇಹಾ ತೀರ್ಪಿನಂತೆ ಉಭಯ ಪಕ್ಷದವರೂ ತಮ್ಮ ಆದಾಯ ಆಸ್ತಿಗಳನ್ನು ಪ್ರಮಾಣಪತ್ರದಲ್ಲಿ ತೋರಿಸತಕ್ಕದ್ದು.

ಶರಣರು ಕಾಯಕವನ್ನೂ ದಾಸೋಹವನ್ನೂ ಬೇರ್ಪಡಿಸಲಿಲ್ಲ. ದುಡಿದುದರಲ್ಲಿ ತನ್ನ ಪಾಲಲ್ಲದ್ದು ತನ್ನದಲ್ಲವೆಂಬುದೇ ಅವರ ನಿಲುವು. ಹೆಂಡತಿ ಮಕ್ಕಳ ಪಾಲನ್ನು ತಡೆಹಿಡಿದು ಹೊರಗೆ ಅನ್ನಸಂತರ್ಪಣೆ ಮಾಡಿದರೆ ಅದು ದಾಸೋಹವಾಗದು. ಪರರ ಒಡವೆಯನ್ನು ತನ್ನ ಹೆಸರಿನಲ್ಲಿ ಹಂಚಿದಂತಾದೀತು.

ಇಂತಹ ಮನೆಗಳಿಗೆ ಬುದ್ಧಿ ಹೇಳಲು ಹೋಗುವ ಹಿರಿಯರಿಗೂ ಒಂದು ಹೊಣೆಯುಂಟು. "ಹೊಂದಿಕೊಂಡು ಹೋಗಮ್ಮ" ಎನ್ನುವ ಮೊದಲು, ಹೋದ ತಿಂಗಳ ಹಣ ಬಂದಿತೇ ಎಂದು ಅವಳನ್ನು ಕೇಳಲಿ. ಬಂದಿಲ್ಲವಾದರೆ, ವರ್ಷ ತುಂಬುವ ಮುನ್ನವೇ ಅವಳ ಜೊತೆ ನ್ಯಾಯಾಲಯದ ಮೆಟ್ಟಿಲು ಹತ್ತಲಿ.