ಪಶ್ಚಾತ್ತಾಪಪಟ್ಟವನಿಗೆ ಸಲ್ಲಬೇಕಾದದ್ದು

ತಪ್ಪೊಪ್ಪಿಕೊಂಡವನು ತಾನು ಕಳೆದುಕೊಂಡದ್ದನ್ನು ಮರಳಿ ಕೇಳುವುದು ನ್ಯಾಯವೇ? ಇತ್ತೀಚೆಗೆ ಒಂದು ಭಾನುವಾರ ಮನೆಮಂದಿಯೆಲ್ಲ ಕುಳಿತು ‘ಬೆಳ್ಳಿಮೋಡ’ ಚಿತ್ರವನ್ನು ನೋಡಿ ಮುಗಿಸಿದಾಗ ನಮ್ಮಲ್ಲಿ ಈ ಪ್ರಶ್ನೆ ಎದ್ದಿತು.

1967ರಲ್ಲಿ ತೆರೆಕಂಡ ಈ ಚಿತ್ರ ತ್ರಿವೇಣಿಯವರ ಕಾದಂಬರಿಯನ್ನು ಆಧರಿಸಿದ್ದು. ನಿರ್ದೇಶಕರು ಪುಟ್ಟಣ್ಣ ಕಣಗಾಲ್. ಹಿರಿಯ ಓದುಗರಿಗೆ ಕಥೆ ಗೊತ್ತೇ ಇರುತ್ತದೆ. ಎಸ್ಟೇಟಿನ ಒಡೆಯ ಸದಾಶಿವರಾಯರ ಒಬ್ಬಳೇ ಮಗಳು ಇಂದಿರಾ. ಅವರ ಹಣದಿಂದ ವಿದೇಶಕ್ಕೆ ಓದಲು ಹೋಗುವ ಮೋಹನನಿಗೂ ಆಕೆಗೂ ಮದುವೆ ನಿಶ್ಚಯವಾಗುತ್ತದೆ. ಅಷ್ಟರಲ್ಲಿ ಇಂದಿರೆಗೆ ಒಬ್ಬ ತಮ್ಮ ಹುಟ್ಟುತ್ತಾನೆ. ಆಸ್ತಿಗೆ ವಾರಸುದಾರ ಬಂದನೆಂದು ತಿಳಿದ ಮೋಹನ ಮದುವೆಯಿಂದ ಹಿಂದೆ ಸರಿಯುತ್ತಾನೆ. ಮುಂದೆ ಅವನು ಅಪಘಾತಕ್ಕೀಡಾದಾಗ ಶುಶ್ರೂಷೆ ಮಾಡುವವಳು ಅದೇ ಇಂದಿರೆ. ಅವನ ಮನಸ್ಸು ತಿರುಗುತ್ತದೆ, ಮದುವೆಯಾಗೆಂದು ಬೇಡುತ್ತಾನೆ. ಆಕೆ ಒಪ್ಪುವುದಿಲ್ಲ.

“ಪಾಪ, ತಪ್ಪಾಯ್ತು ಅಂತ ಕೇಳಿಕೊಂಡನಲ್ಲ, ಇವಳು ಇಷ್ಟು ಕಲ್ಲುಮನಸ್ಸು ಮಾಡಬಾರದಿತ್ತು” ಎಂದರು ನನ್ನ ತಾಯಿ. “ಇಲ್ಲ ಅಜ್ಜಿ, ಅವನಿಗೆ ಹಾಗೇ ಆಗಬೇಕು” ಎಂದಳು ನನ್ನ ಮಗಳು. ಅಜ್ಜಿ-ಮೊಮ್ಮಗಳ ಮಾತು ಬೇರೆಯಾದರೂ ಇಬ್ಬರೂ ಇಂದಿರೆಯ ನಿರಾಕರಣೆಯನ್ನು ಶಿಕ್ಷೆಯೆಂದೇ ತಿಳಿದಿದ್ದರು. ನನಗೆ ಹಾಗನ್ನಿಸಲಿಲ್ಲ. ಶಿಕ್ಷೆ ಕೊಡುವ ಮನಸ್ಸಿದ್ದವಳು ಗಾಯಾಳುವಿನ ಸೇವೆಗೆ ನಿಲ್ಲುತ್ತಿದ್ದಳೇ? ಅವಳು ಕ್ಷಮಿಸಿದ್ದು ಆ ಸೇವೆಯಲ್ಲೇ ಆಗಿಹೋಗಿದೆ. ಅವಳಿಂದ ಆಗದಿದ್ದದ್ದು ಹಿಂದಿನಂತೆ ಅವನನ್ನು ನಂಬುವುದು. ಕ್ಷಮೆ ಮನಸ್ಸು ಮಾಡಿದರೆ ಕೊಡಬಹುದಾದದ್ದು. ನಂಬಿಕೆ ಹಾಗಲ್ಲ, ಅದು ತಾನಾಗಿಯೇ ಹುಟ್ಟಬೇಕು.

ಬಿ.ಎಸ್ಸಿ. ಓದುವಾಗ ಪ್ರಯೋಗಶಾಲೆಯಲ್ಲಿ ಮೈಲುತುತ್ತದ ನೀಲಿ ಹರಳುಗಳನ್ನು ಕಾಯಿಸುತ್ತಿದ್ದೆವು. ನೀರಿನಂಶ ಆರಿ ಅವು ಬಿಳಿಯ ಪುಡಿಯಾಗುತ್ತಿದ್ದವು. ನಾಲ್ಕು ಹನಿ ನೀರು ಹಾಕಿದರೆ ಮತ್ತೆ ನೀಲಿ. ಕಾಗದವನ್ನು ಸುಟ್ಟರೆ ಎಷ್ಟು ನೀರು ಸುರಿದರೂ ಅದು ಕಾಗದವಾಗದು. ಪಶ್ಚಾತ್ತಾಪವನ್ನು ನಾವು ಆ ನಾಲ್ಕು ಹನಿ ನೀರೆಂದು ತಿಳಿಯುತ್ತೇವೆ. ಎದುರಿಗಿರುವುದು ಮೈಲುತುತ್ತವೋ ಸುಟ್ಟ ಕಾಗದವೋ ಎಂದು ನೋಡುವುದಿಲ್ಲ.

ಈ ಮಾತನ್ನು ಪುಸ್ತಕದಿಂದ ಕಲಿತು ಹೇಳುತ್ತಿಲ್ಲ. ಊರಿನ ಹಿರಿಯರ ಮನೆಯಲ್ಲಿ ನನ್ನ ಪಾಲನ್ನು ಮಾರಬೇಡ, ಎರಡು ವರ್ಷ ತಡೆ, ನಾನೇ ಕೊಳ್ಳುತ್ತೇನೆ ಎಂದು ಅಣ್ಣ ಕೇಳಿಕೊಂಡಿದ್ದ. ಇಲ್ಲಿ ಫ್ಲ್ಯಾಟಿಗೆ ಮುಂಗಡ ಕಟ್ಟುವ ಅವಸರದಲ್ಲಿ ನಾನು ಹೊರಗಿನವರಿಗೆ ಮಾರಿದೆ. ಅಂಗಳಕ್ಕೆ ಅಡ್ಡಗೋಡೆ ಬಂತು. ಕೆಲವು ವರ್ಷ ಕಳೆದು ತಂದೆಯ ತಿಥಿಗೆ ಹೋದಾಗ ಅಣ್ಣನ ಕಾಲು ಹಿಡಿದು ತಪ್ಪಾಯಿತೆಂದೆ. ಅವನು ಎಬ್ಬಿಸಿ ಪಕ್ಕದಲ್ಲಿ ಕೂರಿಸಿಕೊಂಡ, ಊಟದಲ್ಲಿ ತಾನೇ ನಿಂತು ಬಡಿಸಿದ. ಹೊರಡುವಾಗ, “ಆಗಾಗ ಬರ್ತಾ ಇರಿ” ಎಂದ. ಹುಟ್ಟಿದಂದಿನಿಂದ ನನ್ನನ್ನು “ಬಾರೋ, ಹೋಗೋ” ಎಂದವನ ಬಾಯಲ್ಲಿ ಆ ಬಹುವಚನ! ಅವನಲ್ಲಿ ಕೋಪವಿರಲಿಲ್ಲ. ಕ್ಷಮಿಸಿದ್ದಾನೆಂಬುದರಲ್ಲಿ ನನಗೆ ಸಂಶಯವೂ ಇಲ್ಲ. ಆದರೆ ಆ ಏಕವಚನ ಮರಳಿ ಬರಲಿಲ್ಲ.

ಮೊದಮೊದಲು ನೊಂದುಕೊಂಡೆ. ಇಷ್ಟು ಬೇಡಿಕೊಂಡರೂ ಹೀಗೆಯೇ ಎಂದು ಒಳಗೊಳಗೇ ಅವನನ್ನು ದೂರಿದೆ. ಮೋಹನನನ್ನು ತೆರೆಯ ಮೇಲೆ ನೋಡಿದಾಗ ನನ್ನ ತಪ್ಪು ತಿಳಿಯಿತು. ಅವನ ಪಶ್ಚಾತ್ತಾಪ ಸುಳ್ಳಲ್ಲ. ಸುಳ್ಳಾಗಿದ್ದರೆ ಇಂದಿರೆಯ ನಿರ್ಧಾರ ಸುಲಭವಾಗುತ್ತಿತ್ತು. ಆದರೆ ನಿಜವಾದ ಪಶ್ಚಾತ್ತಾಪವೂ ಪ್ರತಿಫಲ ಕೇಳತೊಡಗಿದೊಡನೆ ವ್ಯಾಪಾರವಾಗುತ್ತದೆ. “ನಾನು ಅತ್ತಿದ್ದೇನೆ, ಇನ್ನು ನೀನು ಕೊಡು” ಎಂದಂತಾಗುತ್ತದೆ. ಹಿಂದೆ ನೊಂದವರ ಮೇಲೆಯೇ ಎರಡನೆಯ ಭಾರ ಹೊರಿಸಿದ ಹಾಗೆ.

ಹಾಗಾದರೆ ಪಶ್ಚಾತ್ತಾಪದಿಂದ ಏನು ಪ್ರಯೋಜನ? ಕಳೆದದ್ದನ್ನು ತಂದುಕೊಡುವುದು ಅದರ ಕೆಲಸವಲ್ಲ. ಏನನ್ನು ಕಳೆದೆವೆಂದು ತಿಳಿಸುವುದಷ್ಟೇ ಅದರ ಕೆಲಸ. ಆ ತಿಳಿವಳಿಕೆಯನ್ನು ಇಟ್ಟುಕೊಂಡು, ಏನನ್ನೂ ಬೇಡದೆ, ಉಳಿದಿರುವ ಸಂಬಂಧವನ್ನು ನಡೆಸಿಕೊಂಡು ಹೋಗುವುದು ನಮಗೆ ಬಿಟ್ಟದ್ದು.

ಈ ವರ್ಷವೂ ತಿಥಿಗೆ ಊರಿಗೆ ಹೋಗುತ್ತೇನೆ. ಅಣ್ಣ “ಬನ್ನಿ” ಎಂದರೆ, ಬಂದೆ ಎಂದು ಒಳಗೆ ಹೋಗುತ್ತೇನೆ.