ಕಾಲ್ಪನಿಕ ವರ್ಷಗಳು

ಕನಕಪುರದಿಂದ ಮಳವಳ್ಳಿಗೆ ಹೋಗುವ ದಾರಿಯಲ್ಲಿ ಸಾತನೂರು ಸಿಕ್ಕುತ್ತದೆ. ಅಲ್ಲಿ ನನಗೆ ಪರಿಚಿತರಾದ ನಿವೃತ್ತ ಮೇಷ್ಟರೊಬ್ಬರಿದ್ದಾರೆ. ಹಿಂದಿನ ಸಲ ಅವರನ್ನು ನೋಡಲು ಹೋದಾಗ ಜಗಲಿಯ ಮೇಲೆ ಕಾಗದಗಳ ಕಟ್ಟೊಂದನ್ನು ಬಿಚ್ಚಿಕೊಂಡು ಕುಳಿತಿದ್ದರು. ಗಣಿತದ ಮೇಷ್ಟರು, ಲೆಕ್ಕದಲ್ಲಿ ತಪ್ಪುವವರಲ್ಲ. “ನೋಡಿ ಸ್ವಾಮಿ, ನಾನು ಪಾಠ ಹೇಳಿದ್ದು ಮೂವತ್ತೊಂದು ವರ್ಷ. ಸರ್ಕಾರದ ಲೆಕ್ಕದಲ್ಲಿ ಹತ್ತೊಂಬತ್ತು. ಉಳಿದ ಹನ್ನೆರಡು ಎಲ್ಲಿ ಹೋದವೂಂತ ಹುಡುಕ್ತಾ ಇದೀನಿ” ಎಂದರು.

ಅವು ಹೋದ ದಾರಿ ಗುಟ್ಟಿನದೇನಲ್ಲ. ಅವರು ಕೆಲಸಕ್ಕೆ ಸೇರಿದಾಗ ಆ ಖಾಸಗಿ ಶಾಲೆಗೆ ಅನುದಾನವಿರಲಿಲ್ಲ. ಆಡಳಿತ ಮಂಡಲಿ ಕೊಟ್ಟಷ್ಟನ್ನು, ಕೊಟ್ಟಾಗ, ತೆಗೆದುಕೊಂಡು ದುಡಿದರು. ಅನುದಾನ ಬಂದ ದಿನದಿಂದ ಅವರ ಸೇವೆ ಆರಂಭವಾಯಿತೆಂದು ಸರ್ಕಾರ ಎಣಿಸುತ್ತದೆ. ಹಿಂದಿನ ವರ್ಷಗಳನ್ನೂ ಹಿಡಿದು ಸಂಬಳವನ್ನು ಗೊತ್ತುಮಾಡಬೇಕೆಂಬ ಬೇಡಿಕೆಗೆ ನಮ್ಮ ನಾಡಿನ ಉಪಾಧ್ಯಾಯರಲ್ಲಿ ಒಂದು ಹೆಸರುಂಟು: ‘ಕಾಲ್ಪನಿಕ ವೇತನ’. ಇದಕ್ಕಾಗಿ ಧರಣಿಗಳಾದವು, ವ್ಯಾಜ್ಯಗಳಾದವು. ಕೊನೆಗೆ 2014ರಲ್ಲಿ ಖಾಸಗಿ ಅನುದಾನಿತ ಶಿಕ್ಷಣ ಸಂಸ್ಥೆಗಳ ನೌಕರರ ವೇತನ, ಪಿಂಚಣಿಗಳ ಬಗ್ಗೆ ರಾಜ್ಯ ಒಂದು ಕಾಯಿದೆಯನ್ನೇ ಮಾಡಿ, ಅನುದಾನಕ್ಕೆ ಹಿಂದಿನ ಸೇವೆ ಈ ಎಣಿಕೆಗೆ ಬಾರದೆಂದು ಗೆರೆ ಎಳೆಯಿತು.

ಕಾಲ್ಪನಿಕವೆಂಬ ಮಾತು ಕಚೇರಿಯ ಭಾಷೆಯಲ್ಲಿ ನಿರಪರಾಧಿ. ಅಂದೇ ಆ ಶ್ರೇಣಿಯಲ್ಲಿ ಇದ್ದರೆಂದು ಭಾವಿಸಿ ಕಟ್ಟುವ ಲೆಕ್ಕ, ಅಷ್ಟೆ. ಆದರೆ ಜಗಲಿಯ ಮೇಲೆ ಕೂತು ಕೇಳಿದರೆ ಬೇರೆಯೇ ದನಿ ಹೊರಡುತ್ತದೆ. ಆ ಹನ್ನೆರಡು ವರ್ಷ ಮಕ್ಕಳು ಎಸ್ಸೆಸ್ಸೆಲ್ಸಿ ಪರೀಕ್ಷೆಗೆ ಕೂತದ್ದು ಕಲ್ಪನೆಯೆ? ಪಾಸಾದವರಿಗೆ ಸರ್ಕಾರವೇ ಮುದ್ರೆಯೊತ್ತಿ ಕೊಟ್ಟ ಅಂಕಪಟ್ಟಿ ಕಲ್ಪನೆಯೆ? ಫಲ ನಿಜ, ದುಡಿಮೆ ಮಾತ್ರ ಕಾಲ್ಪನಿಕ ಎಂದರೆ ಮೇಷ್ಟರ ಗಣಿತಕ್ಕೆ ಒಗ್ಗುವುದು ಕಷ್ಟ.

ಸರ್ಕಾರದ ಮಾತನ್ನೂ ಕೇಳಬೇಕು. ‘ನಿಮ್ಮನ್ನು ಕರೆದವನು ನಾನಲ್ಲ. ಯಾರೋ ಮಾಡಿಕೊಂಡ ಒಪ್ಪಂದದ ಬಾಕಿಯನ್ನು ಪ್ರಜೆಗಳ ತೆರಿಗೆಯಿಂದ ನಾನೇಕೆ ತೀರಿಸಲಿ?’ ಇದು ತಳ್ಳಿಹಾಕುವ ಮಾತಲ್ಲ. ಅದರ ಹಿಂದೆ ಇನ್ನೊಬ್ಬನೂ ನಿಂತಿದ್ದಾನೆ: ಪಕ್ಕದ ಊರಿನ ಓದಿದ ಹುಡುಗ, ಯಾರ ಶಿಫಾರಸೂ ಇಲ್ಲದೆ, ಅರ್ಜಿ ಕರೆಯುವುದನ್ನೇ ಕಾಯುತ್ತ ವಯಸ್ಸು ಮೀರಿಸಿಕೊಂಡವನು. ಉಮಾದೇವಿ ಪ್ರಕರಣವೆಂದು ಹೆಸರಾದ, ನಮ್ಮ ರಾಜ್ಯದ ದಿನಗೂಲಿ ನೌಕರರ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯದ ಐವರು ನ್ಯಾಯಾಧೀಶರ ಪೀಠ 2006ರಲ್ಲಿ ನೆನೆದದ್ದು ಇಂಥವನನ್ನೇ. ಎಲ್ಲರಿಗೂ ತೆರೆದ ಬಾಗಿಲಿನಿಂದ ಬಾರದವರು ದೀರ್ಘಕಾಲ ದುಡಿದ ಮಾತ್ರಕ್ಕೆ ಕಾಯಂ ಆಗುವ ಹಕ್ಕು ಪಡೆಯಲಾರರೆಂದು ಅದು ಹೇಳಿತು. ಮೇಷ್ಟರಿಗೆ ಮರುಗುವ ನಾನು ಈ ಹುಡುಗನ ಮುಖವನ್ನು ನೋಡದಿದ್ದರೆ ನನ್ನ ಮರುಕಕ್ಕೂ ಬೆಲೆಯಿಲ್ಲ.

ಸಾತನೂರಿನ ಸುತ್ತ ಹಿಪ್ಪುನೇರಳೆ ಬೆಳೆಯುವವರು ಬಹಳ. ರಾಮನಗರದ ಮಾರುಕಟ್ಟೆಯಲ್ಲಿ ರೇಷ್ಮೆಗೂಡು ಹರಾಜಾಗುವಾಗ, ಬೆಳೆದವನು ಯಾವ ಪರೀಕ್ಷೆ ಪಾಸುಮಾಡಿದ್ದಾನೆಂದು ಯಾರೂ ಕೇಳುವುದಿಲ್ಲ. ಗೂಡನ್ನು ಕೈಯಲ್ಲಿ ಹಿಡಿದು ನೋಡುತ್ತಾರೆ, ಬೆಲೆ ಕಟ್ಟುತ್ತಾರೆ. ಉಪಾಧ್ಯಾಯರಿಗೇಕೆ ಈ ನ್ಯಾಯವಿಲ್ಲವೆಂದು ನಾನು ಕೇಳಿದೆ. ಮೇಷ್ಟರು ನಕ್ಕರು. “ಗೂಡನ್ನ ತೂಗಬಹುದು ಸ್ವಾಮಿ, ಹುಡುಗನ್ನ ಹ್ಯಾಗೆ ತೂಗ್ತೀರಿ? ನಾನು ಕಲಿಸಿದ್ದು ಸರಿಯೋ ತಪ್ಪೋ ತಿಳಿಯೋ ಹೊತ್ತಿಗೆ ಅವನಿಗೇ ಮಕ್ಕಳಾಗಿರ್ತವೆ.” ಕಾಗದದ ಮೇಲಿನ ಅರ್ಹತೆಯನ್ನು ನಾವು ಕೇಳುವುದು ಇದಕ್ಕೇ. ಪಾಠ ಕಣ್ಣಿಗೆ ಕಾಣದು. ಅದಕ್ಕೆ ಬದಲಾಗಿ ಕಾಣುವುದೊಂದನ್ನು ಹಿಡಿಯುತ್ತೇವೆ.

ಆ ಕಾಗದವಾದರೂ ಎಷ್ಟು ಗಟ್ಟಿ? ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಅಣ್ಣಯ್ಯಗೌಡರು ಇಂಗ್ಲಿಷಿನ ರಿಸರ್ಚ್ ರೀಡರ್ ಆಗಿ ನೇಮಕವಾದದ್ದು ಮೊಕದ್ದಮೆಯಾಯಿತು. 1959ರ ಪ್ರಕಟಣೆ ಪ್ರಥಮ ದರ್ಜೆಯ ಅಥವಾ ‘ಉನ್ನತ ದ್ವಿತೀಯ ದರ್ಜೆ’ಯ ಎಂ.ಎ., ಇಲ್ಲವೆ ಅದಕ್ಕೆ ಸಮನಾದ ವಿದೇಶಿ ಪದವಿಯನ್ನು ಕೇಳಿತ್ತು. ಅವರಿಗೆ ಇಲ್ಲಿ ಬಂದಿದ್ದುದು ನೂರಕ್ಕೆ 50.2. ಮೈಸೂರು ಹೈಕೋರ್ಟು ಇದು ಉನ್ನತವಲ್ಲವೆಂದು ನೇಮಕವನ್ನು ರದ್ದುಮಾಡಿತು. 1963ರಲ್ಲಿ ಸರ್ವೋಚ್ಚ ನ್ಯಾಯಾಲಯ ಅದನ್ನು ತಿರುಗಿಸಿತು: ಅವರ ಡರ್ಹಾಮ್ ವಿಶ್ವವಿದ್ಯಾನಿಲಯದ ಪದವಿ ಸಮನೋ ಅಲ್ಲವೋ ಎಂಬುದನ್ನು ವಿಷಯ ಬಲ್ಲವರ ಮಂಡಲಿ ತೂಗಿರುವಾಗ ನ್ಯಾಯಾಲಯ ಸುಲಭವಾಗಿ ಕೈಹಾಕಬಾರದು. ಒಬ್ಬನೇ ಮನುಷ್ಯ, ಅದೇ ಕಾಗದ; ಒಂದು ಪೀಠದಲ್ಲಿ ಅನರ್ಹ, ಇನ್ನೊಂದರಲ್ಲಿ ಅರ್ಹ. ನಡುವೆ ಅವರ ಇಂಗ್ಲಿಷು ಹೆಚ್ಚಲೂ ಇಲ್ಲ, ಕುಗ್ಗಲೂ ಇಲ್ಲ.

ಈಗ ಈ ಚಿಂತೆ ಸಾವಿರಾರು ಮನೆಗಳದು. 2025ರ ಸೆಪ್ಟೆಂಬರ್ 1ರಂದು ಸರ್ವೋಚ್ಚ ನ್ಯಾಯಾಲಯ, ಎಂಟನೆಯ ತರಗತಿವರೆಗೆ ಕಲಿಸುವ ಉಪಾಧ್ಯಾಯರಲ್ಲಿ ನಿವೃತ್ತಿಗೆ ಐದು ವರ್ಷಕ್ಕಿಂತ ಹೆಚ್ಚು ಉಳಿದವರು ಎರಡು ವರ್ಷದೊಳಗೆ ಶಿಕ್ಷಕ ಅರ್ಹತಾ ಪರೀಕ್ಷೆಯಲ್ಲಿ ತೇರ್ಗಡೆಯಾಗಬೇಕೆಂದು ತೀರ್ಪಿತ್ತಿತು. ಇಪ್ಪತ್ತು ವರ್ಷ ಪರೀಕ್ಷೆ ನಡೆಸಿದವರು ಪರೀಕ್ಷೆಗೆ ಕೂರಬೇಕು. ನಗಬಹುದಾದ ಸಂಗತಿಯಲ್ಲ, ಆದರೆ ತರಗತಿಯಲ್ಲಿ ಕುಳಿತ ಮಗುವಿಗೆ ಮೇಷ್ಟರ ಹಳೆಯ ದುಡಿಮೆಯಿಂದ ಏನಾಗಬೇಕು? ಅದಕ್ಕೆ ಬೇಕಾದದ್ದು ನಾಳೆಯ ಪಾಠ. ನಾಳೆ ಯಾರು ಕಲಿಸಬೇಕೆಂಬ ಪ್ರಶ್ನೆಯಲ್ಲಿ ನಾನು ಮಗುವಿನ ಪಕ್ಷ. ನಿನ್ನೆ ಕಲಿಸಿದ್ದಕ್ಕೆ ಏನು ಸಲ್ಲಬೇಕೆಂಬುದು ಇನ್ನೊಂದೇ ಪ್ರಶ್ನೆ. ಅರ್ಹತೆಯ ನಿಯಮ ಬಾಗಿಲು ಮುಚ್ಚಬಲ್ಲದು. ಒಳಗೆ ಕರೆದು ಕೆಲಸ ತೆಗೆದುಕೊಂಡಮೇಲೆ ಅದೇ ನಿಯಮವನ್ನು ಸಾಲ ತೀರಿಸದಿರುವುದಕ್ಕೆ ನೆಪ ಮಾಡುವುದು ಎಲ್ಲಿಯ ಧರ್ಮ? ಅದರಲ್ಲೂ ನಮ್ಮ ಮೇಷ್ಟರಿಗೆ ಬಿ.ಎಡ್. ಮೊದಲ ದಿನದಿಂದಲೇ ಇತ್ತು. ಕೊರತೆಯಿದ್ದದ್ದು ಅವರದಲ್ಲ, ಶಾಲೆಯದು. ಪಕ್ಕದ ಊರಿನ ಹುಡುಗನಿಗಾದರೋ ಕೆಲಸ ತಪ್ಪಿತು, ನಿಜ. ಮೇಷ್ಟರ ಹನ್ನೆರಡು ವರ್ಷವನ್ನು ಅಳಿಸಿದರೆ ಅವನ ಕೈಗೆ ಬರುವುದೇನು?

ಹಿಂದೆ ನಮ್ಮ ಕಡೆ ಊರಿನ ಪಾಠಶಾಲೆಯನ್ನು ಕೂಲಿಮಠವೆನ್ನುತ್ತಿದ್ದರು. ಕೂಲಿ ಎಂಬ ಮಾತಿಗೆ ಯಾರೂ ನಾಚಲಿಲ್ಲ. ಐಗಳು ಕಲಿಸಿದರು, ಊರು ಕೊಟ್ಟಿತು. ಈಗ ವರ್ಷ ವರ್ಷವೂ ಬಂದು ಹೋಗುವ ಉಪಾಧ್ಯಾಯರಿಗೆ ಅತಿಥಿಗಳೆಂದು ಹೆಸರು, ಕೊಡುವುದಕ್ಕೆ ಗೌರವಧನವೆಂದು ಹೆಸರು. ಕೂಲಿಯನ್ನಾದರೆ ಕೇಳಿ ಪಡೆಯಬಹುದು. ಗೌರವವನ್ನು ಕೇಳುವುದು ಹೇಗೆ?

ಬಸ್ಸಿನ ಹೊತ್ತಾಯಿತೆಂದು ಎದ್ದೆ. ಮೇಷ್ಟರು ಕಾಗದಗಳನ್ನು ವರ್ಷವಾರು ಜೋಡಿಸಿ ದಾರ ಸುತ್ತುತ್ತಿದ್ದರು. ಹನ್ನೆರಡರ ಕಟ್ಟು ಬೇರೆ, ಹತ್ತೊಂಬತ್ತರದು ಬೇರೆ. ಮುಂದಿನ ವಾರ ವಕೀಲರನ್ನು ಕಾಣಲು ಬೆಂಗಳೂರಿಗೆ ಬರುತ್ತಾರಂತೆ.