ನೆನಪು ಪ್ರಮಾಣವೇ?

ನೆನಪಿನಿಂದ ಬಂದ ಅರಿವನ್ನು ನಿಜವಾದ ಅರಿವೆಂದು, ಅಂದರೆ ಪ್ರಮಾಣವೆಂದು, ಎಣಿಸಬೇಕೇ ಎಂಬುದು ಭಾರತೀಯ ದರ್ಶನಗಳ ಹಳೆಯ ವಾದ. ನ್ಯಾಯ ದರ್ಶನದ ನೈಯಾಯಿಕರು ಒಪ್ಪುವುದಿಲ್ಲ: ಸ್ಮೃತಿ ಹುಟ್ಟುವುದು ಹಿಂದಿನ ಅನುಭವ ಉಳಿಸಿದ ಸಂಸ್ಕಾರದಿಂದ ಮಾತ್ರ, ಎದುರಿಗಿರುವ ವಸ್ತುವಿನಿಂದಲ್ಲ. ಮೀಮಾಂಸಕರೂ ಒಪ್ಪುವುದಿಲ್ಲ, ತಿಳಿದದ್ದನ್ನೇ ಮತ್ತೆ ತಿಳಿಯುವುದು ಅವರಿಗೆ ಪ್ರಮಾಣವಲ್ಲ. ನೆನಪಿನ ಪರವಾಗಿ ನಿಂತ ದರ್ಶನಗಳಲ್ಲಿ ಕನ್ನಡ ನಾಡಿನಲ್ಲೇ ಬೆಳೆದ ದ್ವೈತವೂ ಒಂದು. 14ನೆಯ ಶತಮಾನದ ಜಯತೀರ್ಥರು ‘ಪ್ರಮಾಣಪದ್ಧತಿ’ಯಲ್ಲಿ ಸ್ಮೃತಿಗೂ ಪ್ರಮಾಣದ ಸ್ಥಾನ ಕೊಡುತ್ತಾರೆ. ವಸ್ತು ಆಗಿನಂತೆ ಈಗ ಇಲ್ಲವಲ್ಲ ಎಂಬ ಆಕ್ಷೇಪಕ್ಕೆ ದ್ವೈತಿಗಳ ಉತ್ತರ ಬಹಳ ಸೊಗಸಾದದ್ದು: ನೆನಪು ‘ಇದು ಈಗ ಹೀಗಿದೆ’ ಎನ್ನುವುದೇ ಇಲ್ಲ, ‘ಅದು ಆಗ ಹಾಗಿತ್ತು’ ಎನ್ನುತ್ತದೆ. ಹಿಂದಿನದನ್ನು ಹಿಂದಿನದೆಂದೇ ತೋರಿಸುವುದರಲ್ಲಿ ಸುಳ್ಳೆಲ್ಲಿ?

ಚಲನಚಿತ್ರಕ್ಕೆ ಈ ‘ಆಗ’ ಎಂಬ ಮಾತು ಬರುವುದಿಲ್ಲ. ಪರದೆಯ ಮೇಲೆ ಕೈ ಬೀಸುವವರು ಈಗಲೇ ಬೀಸುತ್ತಾರೆ, ಅವರು ತೀರಿಹೋಗಿ ಎಷ್ಟೇ ವರ್ಷವಾಗಿರಲಿ. ಬೆಂಗಳೂರಿನ ಕಲಾವಿದೆ ಆಯಿಷಾ ಅಬ್ರಹಾಂ ಅವರ ಪ್ರಾಯೋಗಿಕ ಸಾಕ್ಷ್ಯಚಿತ್ರ ‘ಸ್ಟ್ರೇಟ್ 8’ (2005) ಈ ತೊಡಕನ್ನೇ ಕೈಗೆತ್ತಿಕೊಂಡಿದೆ. ಅದರ ಮೂಲ ಸಾಮಗ್ರಿ, ಬೆಂಗಳೂರಿನ ಹವ್ಯಾಸಿ ಟಾಮ್ ಡಿ ಅಗಿಯಾರ್ ತೆಗೆದ ಮನೆಚಿತ್ರಗಳು. 1932ರಲ್ಲಿ ಬಳಕೆಗೆ ಬಂದ 8 ಮಿ.ಮೀ. ಫಿಲ್ಮಿನಲ್ಲಿ 50 ಅಡಿ ಸುರುಳಿಗೆ ಸುಮಾರು ನಾಲ್ಕು ನಿಮಿಷ ಸಿಗುತ್ತಿತ್ತು, ಸೆಕೆಂಡಿಗೆ 16 ಚೌಕಟ್ಟುಗಳಂತೆ. ಒಂದೊಂದು ಚೌಕಟ್ಟೂ ಕಿರುಬೆರಳಿನ ಉಗುರಿಗಿಂತ ಚಿಕ್ಕದು. ಅಷ್ಟು ಸಣ್ಣ ಜಾಗದಲ್ಲಿ ಒಂದು ಗೀರು ಬಿದ್ದರೂ, ಬೂಸ್ಟು ಹತ್ತಿದರೂ, ಪರದೆಯ ಮೇಲೆ ಮುಖವೇ ಅಳಿಸಿದಂತೆ ಕಾಣುತ್ತದೆ. ಹಾಳಾಗುತ್ತಿರುವ ಇಂಥ ಫಿಲ್ಮೇ ಆಯಿಷಾ ಅವರ ಕೆಲಸದ ವಸ್ತು. ಚಿತ್ರ ತಾನಾಗಿ ಹೇಳಲಾರದ ‘ಆಗ’ ಎಂಬುದನ್ನು ಆ ಕಲೆಗಳು ಹೇಳುತ್ತವೆ. ಅವುಗಳನ್ನು ತೊಳೆದು ತೆಗೆದರೆ ನೋಡುಗನಿಗೆ ನಷ್ಟವೇ.

ಕಲೆಗಳ ಸಮೇತ ಹಾಗೆ ನೋಡುವುದು ಬರೀ ಪ್ರತ್ಯಕ್ಷವೂ ಅಲ್ಲ, ಬರೀ ಸ್ಮೃತಿಯೂ ಅಲ್ಲ. ‘ಇವನೇ ಆ ದೇವದತ್ತ’ ಎಂದು ಗುರುತಿಸುವ ಅರಿವನ್ನು ನ್ಯಾಯಶಾಸ್ತ್ರ ಪ್ರತ್ಯಭಿಜ್ಞೆ ಎನ್ನುತ್ತದೆ. ಅಲ್ಲಿ ‘ಇವನು’ ಎಂಬುದು ಕಣ್ಣಿನ ಪಾಲು, ‘ಆ’ ಎಂಬುದು ಸಂಸ್ಕಾರದ ಪಾಲು. ಚಿತ್ರ ತೆಗೆದವನೇ ಕುಳಿತು ನೋಡಿದರೆ ಎರಡೂ ಕೂಡುತ್ತವೆ. ಬೇರೆಯವರಿಗೆ ಆ ಎರಡನೆಯ ಪಾಲು ಎಲ್ಲಿಂದ ಬರಬೇಕು?

ಹಿರೇಕೆರೂರು ತಾಲ್ಲೂಕಿನ ಅಬಲೂರಿನಲ್ಲಿ ಇದೇ ಪ್ರಶ್ನೆ ಕಲ್ಲಿನಲ್ಲಿ ನಿಂತಿದೆ. ಅಲ್ಲಿಯ ಸೋಮೇಶ್ವರ ಗುಡಿಯಲ್ಲಿ, 12ನೆಯ ಶತಮಾನದ ಶೈವ ಭಕ್ತ ಏಕಾಂತದ ರಾಮಯ್ಯನ ಕಥೆ ಶಿಲ್ಪವಾಗಿದೆ. ಜೈನರೊಡನೆ ವಾದಕ್ಕಿಳಿದ ಆತ ತನ್ನ ತಲೆಯನ್ನೇ ಕೊಯ್ದು ಶಿವನಿಗೆ ಅರ್ಪಿಸಿ, ಏಳು ದಿನಗಳ ಮೇಲೆ ಮತ್ತೆ ಪಡೆದನೆಂದು ಅಲ್ಲಿಯ ಶಾಸನ ಹೇಳುತ್ತದೆ. ಸುಮಾರು 1200ರ ಆ ದೊಡ್ಡ ಶಾಸನವಲ್ಲದೆ, ಶಿಲ್ಪದ ಜೊತೆಗೂ ಚಿಕ್ಕ ಬರಹಗಳಿವೆ: ಜೈನ ಪಕ್ಷದ ಸಂಕಗಾವುಂಡನ ಕಡೆಯವರೊಡನೆ ರಾಮಯ್ಯ ಕಾದಿ ಗೆದ್ದು, ಜಿನನನ್ನು ಒಡೆದು, ಲಿಂಗವನ್ನು ಸ್ಥಾಪಿಸಿದ ಎಡೆ ಇದು ಎಂದು. ಕಣ್ಣು ಕಾಣುವುದು ಆಕೃತಿಗಳನ್ನು ಮಾತ್ರ. ‘ಆ’ ಎಂಬ ಪಾಲನ್ನು ಬರಹ ತುಂಬುತ್ತದೆ, ಅದೂ ಗೆದ್ದವರ ಕೈಬರಹ. ಸೋತವರ ನೆನಪಿಗೆ ಆ ಗುಡಿಯಲ್ಲಿ ಜಾಗವಿಲ್ಲ.

ದ್ವೈತ ಎತ್ತಿಹಿಡಿದದ್ದು ಅನುಭವಿಸಿದವನ ಮನಸ್ಸಿನ ನೆನಪನ್ನು. ಕಂಡವರು ಯಾರೂ ಉಳಿಯದ ಮೇಲೆ ಕಲ್ಲಿನ ಬರಹ ಸ್ಮೃತಿಯ ಸಾಲಿಗೆ ಸೇರದು, ಅದು ಶಬ್ದದ, ಅಂದರೆ ಇನ್ನೊಬ್ಬರ ಮಾತಿನಿಂದ ಬರುವ ಅರಿವಿನ, ಸಾಲಿನದು. ಶಬ್ದವಾದರೆ ಹೇಳಿದವನು ಆಪ್ತನೇ, ನಂಬತಕ್ಕವನೇ ಎಂದು ಮೊದಲು ವಿಚಾರಿಸಬೇಕಾಗುತ್ತದೆ. ಒಡೆಯ ತೀರಿಹೋದ ಮನೆಚಿತ್ರದ ಸುರುಳಿಗೂ ಇದೇ ವಿಚಾರಣೆ ಅನ್ವಯಿಸುತ್ತದೆ.